ಹಳೆಯ ಇಂಗ್ಲಿಷ್ ಪದದ ಮೂಲ ಹುಡುಕುವುದು ಹೀಗೆ

ಐತಿಹಾಸಿಕ ನಿಘಂಟಿನಿಂದಲೇ ಶುರು ಮಾಡಿ. ಆಕ್ಸ್‌ಫರ್ಡ್ ಇಂಗ್ಲಿಷ್ ಡಿಕ್ಷನರಿಯಲ್ಲಿ ಅರ್ಥಗಳು ಕಾಲಕ್ರಮದಲ್ಲಿ, ಉಲ್ಲೇಖಗಳ ಇಸವಿ ಸಮೇತ ಇರುತ್ತವೆ. ಅತಿ ಹಳೆಯ ಉಲ್ಲೇಖ ಮೊದಲು ಓದಿ, ಇಂದಿನ ಅರ್ಥ ಆಮೇಲೆ. 'ಡಿಯರ್' ಎಂದರೆ ಈಗ ಜಿಂಕೆ. ಹಳೆಯ ಇಂಗ್ಲಿಷಿನ 'ದೇಓರ್' ಮಾತ್ರ ಯಾವ ಕಾಡುಪ್ರಾಣಿಗೂ ಸಲ್ಲುತ್ತಿತ್ತು. 1066ರಲ್ಲಿ ಫ್ರಾನ್ಸಿನ ನಾರ್ಮನ್ನರು ಇಂಗ್ಲೆಂಡ್ ಗೆದ್ದ ನಂತರ ಫ್ರೆಂಚಿನಿಂದ 'ಬೀಸ್ಟ್' ಬಂದು ಆ ಜಾಗ ಹಿಡಿಯಿತು.

ನಂತರ ಸೋದರ ಭಾಷೆಗಳಲ್ಲಿ, ಅಂದರೆ ಒಂದೇ ಮೂಲದಿಂದ ಹುಟ್ಟಿದ ಭಾಷೆಗಳಲ್ಲಿ, ತಾಳೆ ನೋಡಿ. ಜರ್ಮನ್‌ನಲ್ಲಿ 'ಟೀರ್' ಇಂದಿಗೂ ಪ್ರಾಣಿಯೇ. ಇಂಗ್ಲಿಷಿನ 'ಡ'ಕಾರಕ್ಕೆ ಅಲ್ಲಿ 'ಟ'ಕಾರ: 'ಡೇ'–'ಟಾಗ್', 'ಡ್ರಿಂಕ್'–'ಟ್ರಿಂಕೆನ್'. ಇಂಥ ಕ್ರಮ ಕಾಣದೆ ನಂಟು ಒಪ್ಪಲೇಬೇಡಿ. ಬಹಳ ಜನ ಎಡವುವುದು ಇಲ್ಲೇ: 'ಹ್ಯಾವ್' ಮತ್ತು ಲ್ಯಾಟಿನ್ 'ಹಬೇರೆ' ರೂಪ, ಅರ್ಥ ಎರಡರಲ್ಲೂ ಒಂದೇ ಥರ ಕಂಡರೂ ನೆಂಟರಲ್ಲ. ಇಂಗ್ಲಿಷಿನ ಪದಾದಿ 'ಹ'ಕ್ಕೆ ಲ್ಯಾಟಿನ್‌ನಲ್ಲಿ 'ಕ' ಬರಬೇಕು, 'ಹಾರ್ನ್'–'ಕೊರ್ನು' ಇದ್ದಂತೆ. 'ಹ್ಯಾವ್'ನ ನಿಜವಾದ ನೆಂಟ, ಹಿಡಿಯುವುದು ಎಂಬರ್ಥದ 'ಕಾಪೆರೆ'.