ಇಟಲಿಯ ವಯಸ್ಕರ ಚಿತ್ರಗಳಲ್ಲಿ ಗತಕಾಲದ ಹಿನ್ನೆಲೆಯನ್ನು ಪರಿಶೀಲಿಸುವುದು ಹೇಗೆ?

ಪ್ರಾಚೀನ ರೋಮ್, ಮಧ್ಯಯುಗದ ಊರುಗಳು, ಫ್ಯಾಸಿಸ್ಟ್ ಆಳ್ವಿಕೆಯ ವೆನಿಸ್ ಇವೆಲ್ಲ ಇಟಲಿಯ ವಯಸ್ಕರ ಚಿತ್ರಗಳಲ್ಲಿ ಮತ್ತೆ ಮತ್ತೆ ಬರುತ್ತವೆ. ಇಂಥ ಚಿತ್ರದ ನಿರ್ಮಾಣ ಮಟ್ಟವನ್ನು ಅಳೆಯಬೇಕಾದರೆ, ಮೊದಲು ನಟರಿಂದ ಕಣ್ಣು ತೆಗೆದು ಅವರು ನಿಂತಿರುವ ಕೋಣೆಯನ್ನು ನೋಡಬೇಕು. ಇಡೀ ಸ್ಥಳವನ್ನು ದೂರದಿಂದ ತೋರಿಸುವ ಲಾಂಗ್ ಶಾಟ್ ಬಂದ ಕೂಡಲೇ ಚಿತ್ರವನ್ನು ನಿಲ್ಲಿಸಿ, ಗೋಡೆ ಎಲ್ಲಿಗೆ ಮುಗಿಯುತ್ತದೆ, ಚಾವಣಿಯನ್ನು ತೋರಿಸಿದ್ದಾರೆಯೇ, ಹಿಂದಿನ ಸಾಲಿನಲ್ಲಿ ನಿಂತವರ ಉಡುಪಿಗೂ ಮುಂದಿನವರ ಉಡುಪಿನಷ್ಟೇ ಗಮನ ಸಂದಿದೆಯೇ ಎಂದು ಪರೀಕ್ಷಿಸಿ. ಹಣ ಸಾಲದ ಕಡೆ ಕ್ಯಾಮೆರಾ ಮುಖಗಳನ್ನು ಬಿಟ್ಟು ಕದಲುವುದಿಲ್ಲ. ಒಂದು ಕಂಬ, ಒಂದು ಪರದೆ, ಒಂದು ಪಂಜು ಇಷ್ಟರಲ್ಲೇ ಅರಮನೆಯನ್ನು ನಂಬಿಸಬೇಕಾಗುತ್ತದೆ. ಅದನ್ನು ನಂಬಿಸಿದ ಕಲಾ ನಿರ್ದೇಶಕನ ಬಗ್ಗೆ ನನಗೆ ನಿಜವಾದ ಗೌರವವಿದೆ.

ಅಭ್ಯಾಸಕ್ಕೆ ಎರಡು ಚಿತ್ರಗಳನ್ನು ಜೊತೆಯಾಗಿ ನೋಡುವುದು ಒಳ್ಳೆಯದು. 1976ರಲ್ಲಿ ರೋಮ್‌ನಲ್ಲಿ ಚಿತ್ರೀಕರಣಗೊಂಡ, ಪ್ರಾಚೀನ ರೋಮ್‌ನ ಚಕ್ರವರ್ತಿಯೊಬ್ಬನ ಕಥೆಯಾದ ‘ಕಲಿಗುಲ’ಕ್ಕೆ ಡ್ಯಾನಿಲೊ ಡೊನಾಟಿ ಸೆಟ್ಟುಗಳನ್ನೂ ಉಡುಪುಗಳನ್ನೂ ರೂಪಿಸಿದರು. ಸ್ಟುಡಿಯೊದೊಳಗೇ ಕಟ್ಟಿದ ಬೃಹತ್ ಹಡಗು, ಮನುಷ್ಯರನ್ನು ಇರುವೆಗಳಂತೆ ಕಾಣಿಸುವ ಎತ್ತರದ ಕೆಂಪು ಗೋಡೆ ಇವು ಇತಿಹಾಸದ ನಕಲುಗಳಲ್ಲ, ಅಧಿಕಾರದ ದುಃಸ್ವಪ್ನಗಳು. ಆ ಚಿತ್ರ 1979ರವರೆಗೂ ತೆರೆಗೆ ಬರಲಿಲ್ಲ. ಅಷ್ಟರಲ್ಲಿ, 1977ರಲ್ಲೇ, ಅವೇ ಸೆಟ್ಟುಗಳನ್ನು ಬಳಸಿಕೊಂಡ ‘ಮೆಸ್ಸಲಿನಾ, ಮೆಸ್ಸಲಿನಾ!’ ಎಂಬ ಹಾಸ್ಯಚಿತ್ರ ಬಿಡುಗಡೆಯಾಗಿಬಿಟ್ಟಿತು. ಒಂದೇ ಗೋಡೆ ಒಂದರಲ್ಲಿ ಭಯ ಹುಟ್ಟಿಸಿ ಇನ್ನೊಂದರಲ್ಲಿ ಬರಿಯ ಹಿನ್ನೆಲೆಯಾಗಿ ಉಳಿಯುವುದನ್ನು ಕಂಡಾಗ, ಸೆಟ್ಟಿಗೆ ಸುರಿದ ಹಣಕ್ಕಿಂತ ಬೆಳಕು ಮತ್ತು ಕ್ಯಾಮೆರಾದ ಅಂತರ ಎಷ್ಟು ಮುಖ್ಯವೆಂಬುದು ಮನದಟ್ಟಾಗುತ್ತದೆ.

ಮಧ್ಯಯುಗದ ಕಥೆಗಳ ಲೆಕ್ಕವೇ ಬೇರೆ. ಇಟಲಿಯ ನಿರ್ದೇಶಕ ಪಸೊಲಿನಿಯವರು ಮಧ್ಯಯುಗದ ಕಥಾಸಂಕಲನವೊಂದನ್ನು ಆಧರಿಸಿ ಮಾಡಿದ 1971ರ ‘ಡೆಕಮೆರಾನ್’ ಗೆದ್ದ ಮೇಲೆ ಅದನ್ನು ಅನುಸರಿಸಿ ಅಗ್ಗದ ಚಿತ್ರಗಳು ಸಾಲುಗಟ್ಟಿದವು. ಹಳೆಯ ಕಲ್ಲುಬೀದಿಗಳು ಇಟಲಿಯಲ್ಲಿ ಇನ್ನೂ ಉಳಿದಿರುವುದರಿಂದ ಊರನ್ನೇ ಕಟ್ಟಬೇಕಾದ ಖರ್ಚು ಅವಕ್ಕಿರಲಿಲ್ಲ. ಆದ್ದರಿಂದ ಇಲ್ಲಿ ಕಟ್ಟಡಕ್ಕೆ ಅಂಕ ಕೊಡಬೇಡಿ; ಬಟ್ಟೆಯ ಅಂಚು, ಪಾದರಕ್ಷೆ, ಊಟದ ಮೇಜಿನ ಪಾತ್ರೆ ಇವನ್ನು ನೋಡಿ.

ತುಟಿಗೂ ಮಾತಿಗೂ ಹೊಂದದಿರುವುದನ್ನು ಬಡತನದ ಗುರುತೆಂದು ಎಣಿಸಬಾರದು. ಚಿತ್ರೀಕರಣದ ಬಳಿಕ ಧ್ವನಿ ಸೇರಿಸುವುದು ಆ ಕಾಲದ ಇಟಲಿಯಲ್ಲಿ ದೊಡ್ಡ ಚಿತ್ರಗಳಿಗೂ ರೂಢಿಯಾಗಿತ್ತು. ಬಣ್ಣ ಮಾಸಿದ ವಿಡಿಯೊ ಪ್ರತಿಯನ್ನು ನೋಡಿ ಮಾತ್ರ ತೀರ್ಪು ಕೊಡಬೇಡಿ, ಏಕೆಂದರೆ ಅದರಲ್ಲಿ ಡೊನಾಟಿಯವರ ಕೆಂಪು ಕೂಡ ಕೆಸರಿನಂತೆ ಕಾಣುತ್ತದೆ.