ಪೋ ಕತೆಗೆ ವಿಜಯಪುರದ ಹಗೇವು

ಅಮೆರಿಕದ ಕತೆಗಾರ ಎಡ್ಗರ್ ಅಲನ್ ಪೋನ ‘ದಿ ಟೆಲ್-ಟೇಲ್ ಹಾರ್ಟ್’ ಕಿರುಚಿತ್ರಕ್ಕೆ ಹೇಳಿ ಮಾಡಿಸಿದ ಕತೆ. ಒಬ್ಬ ಮುದುಕ, ಆ ಮುದುಕನ ಕಣ್ಣು ಕಂಡರಾಗದೆ ಅವನನ್ನು ಕೊಲ್ಲುವವನು, ಮೂವರು ಪೊಲೀಸರು, ಒಂದೇ ಮನೆ. ಪೋ ತೀರಿಹೋದದ್ದು 1849ರಲ್ಲಿ, ಹಾಗಾಗಿ ಹಕ್ಕಿನ ತಕರಾರಿಲ್ಲ.

ಜಾಗಕ್ಕೆ ಸುಮ್ನೆ ಗೋಳಗುಮ್ಮಟದ ಕಡೆ ಓಡಬೇಡಿ. ಅದು ಸಂರಕ್ಷಿತ ಸ್ಮಾರಕ, ಶೂಟಿಂಗಿಗೆ ಪುರಾತತ್ವ ಇಲಾಖೆಯ ಅನುಮತಿ ಬೇಕು. ಮೇಲಾಗಿ ಈ ಕತೆಗೆ ಇಕ್ಕಟ್ಟು ಬೇಕು. ನಾನು ನಮ್ಮ ಸೋದರಮಾವನ ಮಣ್ಣಿನ ಮಾಳಿಗೆ ಮನೆ ಆರಿಸಿದೆ. ಮೂಲದಲ್ಲಿ ಹೆಣ ಇರುವುದು ಹಲಗೆ ನೆಲದ ಕೆಳಗೆ. ನಮ್ಮಲ್ಲಿ ಹಲಗೆ ನೆಲ ಎಲ್ಲಿದೆ? ನೆಲದಡಿ ಜೋಳ ತುಂಬುವ ಗುಂಡಿ, ಹಗೇವು ಇದೆಯಲ್ವಾ! ಅದರ ಬಾಯಿಗೆ ಮುಚ್ಚಿದ ಕಲ್ಲಿನ ಮೇಲೇ ಕೊಲೆಗಾರನ ಕುರ್ಚಿ ಹಾಕಿ. ಹಗೇವಿನೊಳಗೆ ಮಾತ್ರ ಯಾರನ್ನೂ ಇಳಿಸಬೇಡಿ, ಒಳಗಿನ ಕೆಟ್ಟ ಗಾಳಿ ಜೀವ ತೆಗೆಯುತ್ತದೆ.

ಮುದುಕನಿಗೆ ಹೂ ಬಿದ್ದ ಕಣ್ಣು ಸಾಕು. ಬ್ಯಾಟರಿಗೆ ರಟ್ಟು ಕಟ್ಟಿ, ಸಣ್ಣ ಸೀಳು ಬಿಟ್ಟು, ಆ ಕಣ್ಣಿಗಷ್ಟೇ ಬೆಳಕು ಬಿಡಿ.

ಜಾಸ್ತಿ ದುಡಿಮೆ ಸದ್ದಿಗೆ, ಅಂದರೆ ಸತ್ತ ಮೇಲೂ ಕೊಲೆಗಾರನಿಗೆ ಮಾತ್ರ ಕೇಳುವ ಮುದುಕನ ಎದೆಬಡಿತಕ್ಕೆ. ಅರಳೆಯಲ್ಲಿ ಸುತ್ತಿದ ಗಡಿಯಾರದಂಥ ಸದ್ದು ಎನ್ನುತ್ತಾನೆ ಪೋ. ಹಾಗೇ ಸುತ್ತಿ, ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ಪೊಲೀಸರು ಚಹಾ ಕುಡಿಯುತ್ತಾ ಮಳೆ-ಬೆಳೆ ಮಾತಾಡಲಿ. ಸದ್ದು ಮೆಲ್ಲಗೆ ಏರಲಿ. ಅವರ ಮುಖದಲ್ಲಿ ಏನೂ ಕಾಣಬಾರದು. ಹೆದರಿಕೆ ಹುಟ್ಟುವುದೇ ಅಲ್ಲಿ. ಅದರ ಮೇಲೆ ಹಿನ್ನೆಲೆ ಸಂಗೀತ ಹಾಕಲೇಬೇಡಿ.