ನೆರೆಮನೆಯ ದುಃಖಕ್ಕೆ ಅಳುವವರು: ವಚನ ಓದಿದ ನನ್ನ ಅನುಭವ

ಬಸವಣ್ಣನವರ ಎರಡು ವಚನಗಳನ್ನು ಅಕ್ಕಪಕ್ಕ ಇಟ್ಟು ನೋಡಿ. ಒಂದು ಎಲ್ಲರಿಗೂ ಗೊತ್ತಿರುವುದು: 'ದಯವಿಲ್ಲದ ಧರ್ಮವದೇವುದಯ್ಯಾ? ದಯವೇ ಬೇಕು ಸಕಲ ಪ್ರಾಣಿಗಳೆಲ್ಲರಲ್ಲಿ.' ಇನ್ನೊಂದು 'ಲೋಕದ ಡೊಂಕ ನೀವೇಕೆ ತಿದ್ದುವಿರಿ?' ಎಂದು ಶುರುವಾಗುವುದು. ಇದರ ಮೊದಲ ಸಾಲು ಗಾದೆಯಷ್ಟೇ ಬಳಕೆಯಲ್ಲಿದೆ. ಕೊನೆಯ ಸಾಲಿನ ಹತ್ತಿರ ಯಾರೂ ಜಾಸ್ತಿ ಹೊತ್ತು ನಿಲ್ಲುವುದಿಲ್ಲ: 'ನೆರೆಮನೆಯ ದುಃಖಕ್ಕೆ ಅಳುವವರ ಮೆಚ್ಚ ನಮ್ಮ ಕೂಡಲಸಂಗಮದೇವ.' ಸಕಲ ಪ್ರಾಣಿಗಳ ಮೇಲೂ ದಯೆ ಬೇಕು ಎಂದವರೇ ಪಕ್ಕದ ಮನೆಯ ದುಃಖಕ್ಕೆ ಅಳುವವರನ್ನು ದೇವರು ಮೆಚ್ಚುವುದಿಲ್ಲ ಅನ್ನುತ್ತಾರೆ. ಇದೇನಿದು?

ಈ ಪ್ರಶ್ನೆ ಹಿಡಿದುಕೊಂಡೇ ನಾನು ಕೆಲವು ವರ್ಷಗಳಿಂದ ವಚನ ಓದುತ್ತಿದ್ದೇನೆ. ಮೊದಲು ಒಬ್ಬನೇ ಓದಿದೆ. ಆಮೇಲೆ ದಾವಣಗೆರೆಯ ನಮ್ಮ ಬಡಾವಣೆಯ ಒಂದಿಷ್ಟು ಜನ ಜೊತೆಯಾದರು. ನಾನು ಪಂಡಿತನಲ್ಲ, ಅಂಗಡಿಗಳ ಲೆಕ್ಕ ಬರೆಯುವವನು. ಹೇಗೆ ಓದಿದೆ, ಓದಿ ಏನಾಯಿತು, ಅಷ್ಟನ್ನು ಹೇಳುತ್ತೇನೆ.

ಒಂದು ವಾರಕ್ಕೆ ಒಂದೇ ವಚನ. ಅದನ್ನು ಕೈಯಲ್ಲಿ ಬರೆದುಕೊಳ್ಳುತ್ತೇನೆ, ಬೆಳಿಗ್ಗೆ ಗಟ್ಟಿಯಾಗಿ ಓದುತ್ತೇನೆ. ವ್ಯಾಖ್ಯಾನದ ಪುಸ್ತಕವನ್ನು ವಾರದ ಕೊನೆಯವರೆಗೂ ತೆರೆಯುವುದಿಲ್ಲ. ವಚನ ಅಂದರೆ ಯಾರೋ ಯಾರಿಗೋ ಆಡಿದ ಮಾತು. ಸುಮ್ನೆ ಕಣ್ಣು ಓಡಿಸಿದರೆ ಎಲ್ಲವೂ ಉಪದೇಶದ ಥರ ಕಾಣುತ್ತದೆ. ಬಾಯಿಬಿಟ್ಟು ಓದಿದರೆ ಎಲ್ಲಿ ಸಿಟ್ಟಿದೆ, ಎಲ್ಲಿ ಗೋಗರೆಯುವುದಿದೆ ಎಂದು ನಾಲಿಗೆಗೆ ಗೊತ್ತಾಗುತ್ತದೆ. ವಚನದ ಕೆಳಗೆ ಎರಡು ಪ್ರಶ್ನೆ ಬರೆದುಕೊಳ್ಳುವುದು ನನ್ನ ರೂಢಿ: ಯಾರು ಹೇಳುತ್ತಿದ್ದಾರೆ, ಯಾರಿಗೆ ಹೇಳುತ್ತಿದ್ದಾರೆ? ಈ ಎರಡಕ್ಕೆ ಉತ್ತರ ಹುಡುಕುವುದರಲ್ಲೇ ವಾರ ಕಳೆಯುತ್ತದೆ.

ಹೀಗೆ ಓದುವಾಗ 'ಕಳಬೇಡ ಕೊಲಬೇಡ' ವಚನದ ಸರದಿ ಬಂತು. ಕನ್ನಡ ಶಾಲೆಗೆ ಹೋದ ಯಾರನ್ನು ಎಬ್ಬಿಸಿ ಕೇಳಿದರೂ ಹೇಳುತ್ತಾರೆ. ಕಂಠಪಾಠ ಆಗಿಬಿಟ್ಟರೆ ಅದೇ ಒಂದು ತೊಂದರೆ, ಮಾತು ಕಿವಿಗೇ ಬೀಳುವುದಿಲ್ಲ. ಕಳಬೇಡ, ಕೊಲಬೇಡ, ಹುಸಿಯ ನುಡಿಯಲು ಬೇಡ, ಮುನಿಯಬೇಡ, ಅನ್ಯರಿಗೆ ಅಸಹ್ಯಪಡಬೇಡ, ತನ್ನ ಬಣ್ಣಿಸಬೇಡ, ಇದಿರ ಹಳಿಯಲು ಬೇಡ. ಒಂದೊಂದಾಗಿ ನೋಡಿ. ಎಲ್ಲದರಲ್ಲೂ ಎದುರಿಗೆ ಇನ್ನೊಬ್ಬ ಮನುಷ್ಯ ಇದ್ದಾನೆ. ನನ್ನನ್ನು ನಾನು ಹೊಗಳಿಕೊಳ್ಳಬೇಕಾದರೂ ಕೇಳಲು ಒಬ್ಬ ಬೇಕಲ್ವಾ? ಇಷ್ಟು ಹೇಳಿ ಬಸವಣ್ಣನವರು 'ಇದೇ ಅಂತರಂಗಶುದ್ಧಿ, ಇದೇ ಬಹಿರಂಗಶುದ್ಧಿ' ಅನ್ನುತ್ತಾರೆ. ಒಳಗಿಗೆ ಬೇರೆ ಪಟ್ಟಿ, ಹೊರಗಿಗೆ ಬೇರೆ ಪಟ್ಟಿ ಕೊಟ್ಟಿಲ್ಲ. ಅಲ್ಲಿಯವರೆಗೆ ನನ್ನ ತಲೆಯಲ್ಲಿ ಧ್ಯಾನ, ಆತ್ಮ, ಅರಿವು ಒಂದು ಕಪಾಟಿನಲ್ಲಿದ್ದವು. ದಾನ, ಸೇವೆ, ಸಮಾಜ ಇನ್ನೊಂದರಲ್ಲಿ. ಪುಸ್ತಕದಂಗಡಿಗಳಲ್ಲೂ ಹಾಗೇ ಜೋಡಿಸಿರುತ್ತಾರೆ. ವಚನಕಾರರಿಗೆ ಈ ಭಾಗ ಮಾಡುವ ಕೆಲಸವೇ ಗೊತ್ತಿರಲಿಲ್ಲ ಅನ್ನಿಸುತ್ತದೆ.

ಒಬ್ಬನೇ ಓದುವುದಕ್ಕೆ ಒಂದು ಮಿತಿ ಇದೆ. ಲೆಕ್ಕದವನ ಕಣ್ಣಿಗೆ ಲೆಕ್ಕದವನಿಗೆ ಕಾಣುವುದಷ್ಟೇ ಕಾಣುತ್ತದೆ. ಹನ್ನೆರಡನೇ ಶತಮಾನದ ಕಲ್ಯಾಣದಲ್ಲಿ ವಚನ ಹೇಳಿದವರಾದರೂ ಯಾರು? ದೋಣಿ ನಡೆಸುವ ಚೌಡಯ್ಯ, ಬಟ್ಟೆ ಒಗೆಯುವ ಮಾಚಯ್ಯ, ಹಗ್ಗ ಹೊಸೆಯುವ ಚಂದಯ್ಯ. ಅವರಿಗಿಂತ ಮೊದಲೇ ಬಟ್ಟೆ ನೇಯುತ್ತಿದ್ದ ದಾಸಿಮಯ್ಯ. ಸಂಕವ್ವ ಸೂಳೆಗಾರಿಕೆ ಮಾಡುತ್ತಿದ್ದವಳು. ಅವಳದು ಎಂದು ಉಳಿದಿರುವುದು ಒಂದೇ ವಚನ. ಇಂಥವರ ಮಾತನ್ನು ಫ್ಯಾನಿನ ಕೆಳಗೆ ಒಬ್ಬನೇ ಕೂತು ಓದಿದರೆ ಅರ್ಧ ಮಾತ್ರ ಸಿಗುತ್ತದೆ ಎಂದು ತೋರಿತು. ಹಾಗಾಗಿ ಪರಿಚಯದವರನ್ನು ಕರೆದೆ. ಹತ್ತಿ ಮಿಲ್ಲಿನಲ್ಲಿ ದುಡಿದು ನಿವೃತ್ತರಾದ ಒಬ್ಬ ಅಜ್ಜ, ಒಬ್ಬ ಟೈಲರ್, ನಿವೃತ್ತ ಮೇಷ್ಟ್ರು, ಮೂರ್ನಾಲ್ಕು ಮನೆಗಳಲ್ಲಿ ಅಡುಗೆ, ಕಸಮುಸುರೆ ಮಾಡುವ ಒಬ್ಬ ಅಕ್ಕ, ಆಗಾಗ ಬರುವ ಕಾಲೇಜು ಹುಡುಗರು. ಸೇರುವುದು ನಮ್ಮ ಮನೆಯ ಜಗಲಿಯಲ್ಲಿ. ನಿಯಮ ಒಂದೇ, ಭಾಷಣ ಮಾಡುವಂತಿಲ್ಲ. ವಚನ ಕೇಳಿದಾಗ ನಿಮ್ಮ ಕೆಲಸದಲ್ಲಿ ಏನು ನೆನಪಾಯಿತೋ ಅದನ್ನು ಹೇಳಿ. ಮೇಷ್ಟ್ರಿಗೆ ಈ ನಿಯಮ ಒಗ್ಗಲು ಸ್ವಲ್ಪ ಕಾಲ ಹಿಡಿಯಿತು.

ಸತ್ಯಕ್ಕನ ವಚನ ಓದಿದ ಸಂಜೆ ಈ ಗುಂಪು ಯಾಕೆ ಬೇಕಿತ್ತು ಎಂದು ಗೊತ್ತಾಯಿತು. ಸತ್ಯಕ್ಕ ಅಂಗಳ ಗುಡಿಸುತ್ತಿದ್ದ ಶರಣೆ ಎನ್ನುತ್ತದೆ ಪರಂಪರೆ. ದಾರಿಯಲ್ಲಿ ಹೊನ್ನೋ ವಸ್ತ್ರವೋ ಬಿದ್ದಿದ್ದರೂ ಕೈಯಿಂದ ಮುಟ್ಟಿ ಎತ್ತುವುದಿಲ್ಲ ಎಂದು ಆಣೆ ಇಡುತ್ತಾಳೆ. ಆಸೆಪಟ್ಟೆನಾದರೆ ನನ್ನನ್ನು ನರಕದಲ್ಲಿ ಅದ್ದಿ ನೀನೆದ್ದು ಹೋಗು ಎಂದು ಶಿವನಿಗೇ ಹೇಳುತ್ತಾಳೆ. ನಮಗೆಲ್ಲ ಇದು ಪ್ರಾಮಾಣಿಕತೆಯ ಪಾಠ. ಮೇಷ್ಟ್ರು ಲಂಚದ ಬಗ್ಗೆ ಶುರು ಮಾಡಿದರು. ಅಕ್ಕ ಮಾತ್ರ ಬೇರೆಯೇ ಹೇಳಿದರು. 'ಕೆಲಸಕ್ಕೆ ಸೇರಿದ ಹೊಸದರಲ್ಲಿ ಮಂಚದ ಕೆಳಗೆ ನೋಟು ಬಿಟ್ಟಿರ್ತಾರೆ, ಬೇಕಂತಲೇ. ನಾನು ಎತ್ತಿ ಮೇಜಿನ ಮೇಲೆ ಇಡ್ತೀನಿ. ಈ ಅಮ್ಮನಿಗೂ ಯಾರೋ ಹಂಗೆ ಮಾಡಿರಬೇಕು. ಅದಕ್ಕೇ ಇಷ್ಟು ಸಿಟ್ಟು.'

ಆ ವಚನದಲ್ಲಿ ಸಿಟ್ಟಿದೆ ಎಂದು ನನಗೆ ಹೊಳೆದೇ ಇರಲಿಲ್ಲ. ಈಗ ಓದಿದಾಗಲೆಲ್ಲ ಅದು ಕೇಳಿಸುತ್ತದೆ. ಕಳ್ಳಿ ಇರಬಹುದೇ ಎಂದು ಸದಾ ಅನುಮಾನದಿಂದ ನೋಡುವ ಲೋಕದ ಮುಂದೆ ಒಬ್ಬಳು ನಿಂತು, ನನ್ನನ್ನು ಅಳೆಯುವುದಿದ್ದರೆ ಶಿವ ಅಳೆಯಲಿ, ನೀವು ಬೇಡ ಅನ್ನುತ್ತಿದ್ದಾಳೆ. ಇತಿಹಾಸ ಬಲ್ಲವರು ಈ ಅರ್ಥವನ್ನು ಒಪ್ಪಲಿಕ್ಕಿಲ್ಲ. ನನಗಂತೂ ಒಪ್ಪಿಗೆ.

ಮಿಲ್ಲಿನ ಅಜ್ಜನಿಗೆ 'ಕಾಯಕವೇ ಕೈಲಾಸ' ಎಂಬ ಮಾತು ಕೇಳಿದರೇ ಆಗುತ್ತಿರಲಿಲ್ಲ. ಅವರು ದುಡಿದ ಒಂದು ಕಡೆ ಗೇಟಿನ ಮೇಲೆ ಅದೇ ಬೋರ್ಡು ಇತ್ತಂತೆ. ಸಂಬಳ ತಡವಾದಾಗ ಜನ ಅದನ್ನು ನೋಡಿ ನಗುತ್ತಿದ್ದರಂತೆ. ಸರಿ, ಆ ಮಾತಿನ ಮೂಲವನ್ನೇ ಓದೋಣ ಎಂದು ತೆಗೆದೆವು. ಬಹಳ ಜನ ಅದು ಬಸವಣ್ಣನವರದು ಅಂದುಕೊಂಡಿದ್ದಾರೆ. ಅದು ಬರುವುದು ಆಯ್ದಕ್ಕಿ ಮಾರಯ್ಯನ ವಚನದಲ್ಲಿ. ರಾಯಚೂರು ಸೀಮೆಯಿಂದ ಕಲ್ಯಾಣಕ್ಕೆ ಬಂದು, ಚೆಲ್ಲಿದ ಅಕ್ಕಿ ಆಯ್ದು ಬದುಕುತ್ತಿದ್ದ ಮನುಷ್ಯ. ಕಾಯಕದಲ್ಲಿ ನಿರತನಾದರೆ ಗುರುದರ್ಶನವನ್ನೂ ಮರೆಯಬೇಕು, ಲಿಂಗಪೂಜೆಯನ್ನೂ ಮರೆಯಬೇಕು, ಜಂಗಮ ಎದುರಿಗೆ ನಿಂತಿದ್ದರೂ ಹಂಗು ಹರಿಯಬೇಕು ಅನ್ನುತ್ತಾನೆ. ದುಡಿಯುವವನಿಗೆ ಯಾರ ಹಂಗೂ ಇಲ್ಲ ಎನ್ನುವ ಮಾತು ಅದು. ಗೇಟಿನ ಮೇಲೆ ಬರೆಸುವವರು ಇಡೀ ವಚನ ಓದಿದ್ದರೆ ಬರೆಸುತ್ತಿದ್ದರೋ ಇಲ್ಲವೋ.

ಮಾರಯ್ಯ ಒಂದು ದಿನ ಜಾಸ್ತಿ ಅಕ್ಕಿ ತಂದಾಗ ಹೆಂಡತಿ ಲಕ್ಕಮ್ಮ ಬಾಗಿಲಲ್ಲೇ ತಡೆದಳು ಎನ್ನುವ ಕಥೆ ಇದೆ. 'ಆಸೆಯೆಂಬುದು ಅರಸಿಂಗಲ್ಲದೆ ಶಿವಭಕ್ತರಿಗುಂಟೆ ಅಯ್ಯಾ?' ಎಂದು ಕೇಳುತ್ತಾಳೆ. 'ಈಸಕ್ಕಿಯಾಸೆ ನಿಮಗೇಕೆ? ಈಶ್ವರನೊಪ್ಪ.' ಈ ಕಥೆಗೆ ಅಜ್ಜ ತುಂಬಾ ಹೊತ್ತು ಮಾತಾಡಿದರು. ಅವರ ಮಾತಿನ ಸಾರ ಇಷ್ಟು: ನಾವು ಜಾಸ್ತಿ ಎತ್ತಿಕೊಂಡರೆ ನಾಳೆ ಆಯಲು ಬರುವ ಇನ್ನೊಬ್ಬನಿಗೆ ಇರುವುದಿಲ್ಲ. ಲಕ್ಕಮ್ಮನ ವಚನದಲ್ಲಿ ಆ ಇನ್ನೊಬ್ಬನ ಹೆಸರೇ ಇಲ್ಲ. ಅವಳು ಹೇಳುವುದು ಗಂಡನ ಆಸೆಯ ಬಗ್ಗೆ, ಅವನ ಒಳಗಿನ ಬಗ್ಗೆ. ಆದರೆ ಅಕ್ಕಿ ವಾಪಸ್ಸು ಹೋದ ಮೇಲೆ ಅದು ಯಾರದೋ ಹೊಟ್ಟೆಗೆ ಸೇರುತ್ತದಲ್ವಾ? ಕಾಯಕದ ಜೊತೆ ದಾಸೋಹ, ಅಂದರೆ ದುಡಿದದ್ದನ್ನು ಹಂಚಿಕೊಳ್ಳುವುದು, ಬರುವುದು ಹೀಗೆ. ಇವತ್ತಿಗೆ ಎಷ್ಟು ಬೇಕೋ ಅಷ್ಟು ನಮಗೆ, ಮಿಕ್ಕಿದ್ದು ನಮ್ಮದಲ್ಲ.

ಶುರುವಿನಲ್ಲಿ ಹೇಳಿದ ತೊಡಕಿಗೂ ದಾರಿ ತೋರಿಸಿದ್ದು ಅಜ್ಜನೇ. ನಮ್ಮ ಬೀದಿಯಲ್ಲಿ ಒಂದು ಸಾವಾಯಿತು. ವಾಟ್ಸಾಪಿನಲ್ಲಿ ಕೈಮುಗಿದ ಚಿತ್ರಗಳು ಸಾಲಾಗಿ ಬಂದವು, ನನ್ನದೂ ಒಂದು. ಅಜ್ಜನ ಹತ್ತಿರ ಅಂಥ ಫೋನಿಲ್ಲ. ಅವತ್ತು ನಲ್ಲಿ ನೀರು ಬಿಡುವ ದಿನ. ಅವರು ಆ ಮನೆಗೆ ಹೋಗಿ ಡ್ರಮ್ಮು, ಕೊಡ ಎಲ್ಲ ತುಂಬಿಸಿಟ್ಟು ಬಂದರು. ಮುಂದಿನ ವಾರ ಜಗಲಿಯಲ್ಲಿ ಲೋಕದ ಡೊಂಕಿನ ವಚನ ಮತ್ತೆ ಬಂದಾಗ ಅವರು ಅಂದರು: 'ಅಳೋಕೆ ನೆಂಟರು ತುಂಬಾ ಜನ ಬಂದಿದ್ರು. ನೀರು ಹಿಡಿಯೋಕೆ ಯಾರೂ ಇರಲಿಲ್ಲ.'

ವಚನದ ಮಧ್ಯದ ಸಾಲುಗಳು 'ನಿಮ್ಮ ನಿಮ್ಮ ತನುವ ಸಂತೈಸಿಕೊಳ್ಳಿ, ನಿಮ್ಮ ನಿಮ್ಮ ಮನವ ಸಂತೈಸಿಕೊಳ್ಳಿ' ಅನ್ನುತ್ತವೆ. ಮೇಷ್ಟ್ರು ಇದನ್ನು ಹಿಡಿದು ವಾದ ಮಾಡಿದರು. ನಿನ್ನನ್ನು ನೀನು ನೋಡಿಕೋ, ಊರ ಉಸಾಬರಿ ಬೇಡ, ಅಷ್ಟೇ ಇದರ ಅರ್ಥ ಅಂದರು. ನಾನು ಒಪ್ಪಲಿಲ್ಲ. ಇದನ್ನು ಹೇಳಿದ ಬಸವಣ್ಣನವರು ಕಲ್ಯಾಣದ ದೊರೆ ಬಿಜ್ಜಳನ ಭಂಡಾರ ನೋಡಿಕೊಳ್ಳುತ್ತಿದ್ದವರು. ಊರ ಉಸಾಬರಿ ಬೇಡ ಎಂದಿದ್ದರೆ ಅವರು ಸುಖವಾಗಿ ಇರಬಹುದಿತ್ತು. ಚಪ್ಪಲಿ ಹೊಲಿಯುವ ಹರಳಯ್ಯನ ಮಗನಿಗೆ ಬ್ರಾಹ್ಮಣ ಮೂಲದ ಮಧುವರಸನ ಮಗಳನ್ನು ತಂದ ಮದುವೆ, ಅದಕ್ಕಾಗಿ ಬೀಗರಿಬ್ಬರಿಗೂ ಆದ ಶಿಕ್ಷೆ, ಶರಣರು ಕಲ್ಯಾಣ ಬಿಟ್ಟು ಚದುರಿದ್ದು, ಪರಂಪರೆ ಹೇಳುವ ಇದೆಲ್ಲವೂ ಉಸಾಬರಿಯ ಬೆಲೆಯೇ. ಅಳುವುದರಲ್ಲಿ ಅಳುವವನಿಗೆ ಒಂದು ಸಮಾಧಾನ ಇದೆ, ನಾನು ಒಳ್ಳೆಯವನು ಅನ್ನಿಸುತ್ತದೆ. ವಚನ ತಡೆಯುವುದು ಆ ಸಮಾಧಾನವನ್ನು ಎಂದು ನನ್ನ ಓದು. ಮೇಷ್ಟ್ರು ಇನ್ನೂ ಒಪ್ಪಿಲ್ಲ. ಪರವಾಗಿಲ್ಲ.

'ಇವನಾರವ ಇವನಾರವ' ಓದುವಾಗ ಕಾಲೇಜು ಹುಡುಗನೊಬ್ಬ ನನ್ನ ಎರಡು ಪ್ರಶ್ನೆಗಳನ್ನು ನನಗೇ ಹಾಕಿದ. ಇದನ್ನು ಹೇಳುತ್ತಿರುವವನು ಬೇರೆಯವರನ್ನು ಒಳಗೆ ಕರೆಯುತ್ತಿದ್ದಾನೋ, ಹೊರಗೆ ನಿಂತು ನನ್ನನ್ನು ಒಳಗೆ ಕರೆಯಿರಿ ಅನ್ನುತ್ತಿದ್ದಾನೋ? 'ನಿಮ್ಮ ಮನೆಯ ಮಗನೆಂದೆನಿಸಯ್ಯಾ' ಎಂದು ಮುಗಿಯುವುದನ್ನು ನೋಡಿದರೆ ಎರಡನೆಯದೇ ಸರಿ. ವೇದಿಕೆ ಮೇಲೆ ನಾವು ಇದನ್ನು ಮನೆಯೊಡೆಯನ ಗತ್ತಿನಲ್ಲಿ ಹೇಳುತ್ತೇವೆ. ಆ ಹುಡುಗ ಊರಿಂದ ಬಂದ ಹೊಸದರಲ್ಲಿ ಬಾಡಿಗೆ ಕೋಣೆ ಹುಡುಕಿದವನು. 'ನೀವು ಯಾರ ಪೈಕಿ?' ಎಂದು ಎಷ್ಟೋ ಬಾಗಿಲಲ್ಲಿ ಕೇಳಿಸಿಕೊಂಡಿದ್ದ. ಅದಕ್ಕೇ ಅವನಿಗೆ ಅದು ಬೇಗ ಕಂಡಿತು.

ನೀವೂ ಶುರು ಮಾಡುವುದಾದರೆ ಪುಸ್ತಕಕ್ಕೆ ಬರವಿಲ್ಲ. ವಿಜಯಪುರದ ವಕೀಲರಾಗಿದ್ದ ಫ.ಗು. ಹಳಕಟ್ಟಿಯವರು ಓಲೆಗರಿ ಹುಡುಕಿ, ಸ್ವಂತ ಮನೆ ಮಾರಿ ಅಚ್ಚುಕೂಟ ಹಾಕಿ ವಚನಗಳನ್ನು ಉಳಿಸಿದರು. ಅವರ ಮೊದಲ ದೊಡ್ಡ ಸಂಕಲನ ಬಂದದ್ದು 1923ರಲ್ಲಿ. ಸರ್ಕಾರ ತಂದ ಸಮಗ್ರ ವಚನ ಸಂಪುಟಗಳು 15. ಲೈಬ್ರರಿಗಳಲ್ಲಿ ಸಿಗುತ್ತವೆ. ಶರಣೆಯರಿಗೇ ಮೀಸಲಾದ ಸಂಪುಟವೂ ಅದರಲ್ಲಿದೆ. ನನ್ನನ್ನು ಕೇಳಿದರೆ ಅಲ್ಲಿಂದಲೇ ಶುರು ಮಾಡಿ. ಅಲ್ಲಮನನ್ನು ಮೊದಲೇ ಹಿಡಿಯಬೇಡಿ. ಅವನ ಒಗಟಿನಂಥ ಬೆಡಗಿನ ವಚನದ ಅರ್ಥ ಬಿಡಿಸುವುದರಲ್ಲೇ ಸಂಜೆ ಮುಗಿದು ಜನ ಎದ್ದು ಹೋಗುತ್ತಾರೆ. ದಾಸಿಮಯ್ಯ ಒಳ್ಳೆಯದು. ಹಸಿಯುವವನು, ಸುಳ್ಳಾಡುವವನು ಎಂದು ನನ್ನನ್ನು ಜರಿಯಬೇಡ, 'ನೀನೆನ್ನಂತೊಮ್ಮೆ ಒಡಲುಗೊಂಡು ನೋಡಾ ರಾಮನಾಥ' ಎಂದು ದೇವರಿಗೇ ಸವಾಲು ಹಾಕುತ್ತಾನೆ. ಅದನ್ನು ಊಟಕ್ಕೆ ಮೊದಲು ಓದಿ, ಆಮೇಲೆ ಬೇಡ.

ನಮ್ಮ ಜಗಲಿಯಲ್ಲಿ ಈಗ ಅಂಬಿಗರ ಚೌಡಯ್ಯ ನಡೆಯುತ್ತಿದ್ದಾನೆ. ಅವನ ಬೈಗುಳ ಗಟ್ಟಿಯಾಗಿ ಓದಲು ಮೇಷ್ಟ್ರಿಗೆ ಸಂಕೋಚ. ಆ ಕೆಲಸವನ್ನು ಟೈಲರ್ ವಹಿಸಿಕೊಂಡಿದ್ದಾರೆ, ಬಹಳ ಖುಷಿಯಿಂದ.